ಬರಿಗಾಲಿನ ಆಸ್ಥಾನ

"ನಿನ್ನ ಮೂಗು ಭಾನುವಾರ ಖಾಲಿ ಉಂಟಾ?"

ಟೀಚರ್ ನನ್ನೊಡನೆ ಆಡಿದ ಮೊದಲ ಮಾತು ಇದು. ನೈರೋಬಿಯ ಪಾರ್ಕ್‌ಲ್ಯಾಂಡ್ಸಿನ ಔಷಧದ ಅಂಗಡಿಯಲ್ಲಿ ನೆಗಡಿ ಮಾತ್ರೆಗೆಂದು ನಿಂತಿದ್ದೆ. ಹೆಂಡತಿಯ ಜೊತೆ ಫೋನಿನಲ್ಲಿ ಕನ್ನಡದಲ್ಲಿ ಮಾತಾಡಿದ್ದನ್ನು ಪಕ್ಕದಲ್ಲಿದ್ದ ಬಿಳಿಗೂದಲಿನ ಹೆಂಗಸೊಬ್ಬರು ಕೇಳಿಸಿಕೊಂಡಿದ್ದರು. ಹೂವಿನ ಚಿತ್ರದ ಉದ್ದನೆ ಫ್ರಾಕು, ತೋಳಿಗೆ ನೇತುಹಾಕಿದ ಕೊಡೆ, ನೀಲಗಿರಿ ಎಣ್ಣೆಯ ವಾಸನೆ. ಸೋರುವ ಮೂಗಿನ ಬಗ್ಗೆ ಯಾರಾದರೂ ವಿಚಾರಿಸಿದರೆ ನನಗೆ ಸಿಟ್ಟು ಬರುತ್ತದೆ. ಏನ್ರೀ ಹಾಗಂದ್ರೆ ಎಂದು ಕೇಳಿಯೇಬಿಟ್ಟೆ. ಅವರು ಒಂದಿಷ್ಟೂ ಬೆದರದೆ, ಫ್ರಾನ್ಸಿನ ಒಬ್ಬ ರಾಜನಿಗೆ ಇಂಥದೇ ಮೂಗು ಇತ್ತೆಂದೂ, ಆರು ತಿಂಗಳಿನಿಂದ ಹುಡುಕುತ್ತಿದ್ದೇನೆಂದೂ, ಹೊಟ್ಟೆಯೂ ಸರಿಯಾಗಿ ಹೊಂದುತ್ತದೆಂದೂ ಹೇಳಿದರು. ಮೂಗಿಗೆ ಬಂದ ಸಿಟ್ಟು ಹೊಟ್ಟೆಯ ಮಾತಿಗೆ ಇಳಿದುಹೋಯಿತು. ನಕ್ಕುಬಿಟ್ಟೆ. ನಕ್ಕ ಮೇಲೆ ಮುಗಿಯಿತಲ್ಲ, ಆ ಭಾನುವಾರ ನಾನು ರಾಜನಾದೆ.

ಅವರ ಹೆಸರನ್ನು ನಾನಿಲ್ಲಿ ಹೇಳುವುದಿಲ್ಲ. ಅದು ಅವರದೇ ಪದ್ಧತಿ. ಬದುಕಿನುದ್ದಕ್ಕೂ ಫ್ರಾನ್ಸಿನ ಚರಿತ್ರೆಯ ಸಿನಿಮಾ ಮಾಡಿದವರು ಒಂದು ಸಲವೂ ಆ ದೊಡ್ಡವರ ಹೆಸರೆತ್ತಲಿಲ್ಲ. ತಲೆ ಕಡಿಸಿಕೊಂಡ ರಾಣಿ ಅವರ ಬಾಯಲ್ಲಿ 'ನಮ್ಮ ಹುಡುಗಿ'. ದ್ವೀಪಕ್ಕೆ ಗಡೀಪಾರಾದ ಚಕ್ರವರ್ತಿ 'ನಮ್ಮ ಕುಳ್ಳ'. ಹುಚ್ಚುನಾಯಿ ಕಡಿತಕ್ಕೆ ಮದ್ದು ಕಂಡುಹಿಡಿದವರು 'ನಾಯಿ ಡಾಕ್ಟ್ರು'. ಹೆಸರು ಹೇಳಿದ ಕೂಡಲೇ ಜನ ಮನಸ್ಸಿನಲ್ಲಿ ಪಠ್ಯಪುಸ್ತಕ ತೆಗೆದು ಕೂರುತ್ತಾರೆ, ಆಮೇಲೆ ಮನುಷ್ಯರು ಕಾಣುವುದಿಲ್ಲ ಎನ್ನುತ್ತಿದ್ದರು. ನೆರೆಹೊರೆಯ ಕಾವಲುಗಾರರು, ಮಟಾಟು ಎಂಬ ಬಾಡಿಗೆ ವ್ಯಾನಿನ ಕಂಡಕ್ಟರುಗಳು ಅವರನ್ನು ಮ್ವಾಲಿಮು ಎನ್ನುತ್ತಿದ್ದರು. ಆ ಊರಿನ ಮಾತಿನಲ್ಲಿ ಹಾಗೆಂದರೆ ಟೀಚರ್. ನಮಗೂ ಅವರು ಟೀಚರ್. ಅಷ್ಟು ಸಾಕು.

ಮಂಗಳೂರು ಕಡೆಯ ಕೊಂಕಣಿ ಮನೆಮಾತಿನ ಕ್ರೈಸ್ತರು. ಹರೆಯದಲ್ಲಿ ನೈರೋಬಿಯ ಒಂದು ಶಾಲೆಗೆ ಫ್ರೆಂಚ್ ಕಲಿಸಲು ಬಂದವರು ಇಲ್ಲಿಯೇ ಉಳಿದರು. ಮದುವೆಯಾಗಲಿಲ್ಲ. ಆ ಬಗ್ಗೆ ಯಾರಾದರೂ ಕೆದಕಿದರೆ, ಇಷ್ಟೊಂದು ರಾಜರನ್ನು ಹತ್ತಿರದಿಂದ ನೋಡಿದ ಮೇಲೆ ಧೈರ್ಯ ಬರಲಿಲ್ಲ ಎನ್ನುವರು. ಫ್ರಾನ್ಸಿನ ಯಾವ ಅರಮನೆಯ ಯಾವ ಕಿಟಕಿಗೆ ಬೆಳಗಿನ ಬಿಸಿಲು ಬೀಳುತ್ತದೆಂದು ಬಲ್ಲ ಇವರು ಫ್ರಾನ್ಸನ್ನು ಕಂಡವರೇ ಅಲ್ಲ! ಮೊದಲು ಶಾಲೆ ಬಿಡಲಿಲ್ಲ. ಆಮೇಲೆ ಊರಿನಿಂದ ಕರೆಸಿಕೊಂಡ ತಾಯಿ ಹಾಸಿಗೆ ಹಿಡಿದರು. ತಾಯಿಯನ್ನು ದೇವರ ಬಳಿಗೆ ಕಳಿಸಿಕೊಟ್ಟ ಮೇಲೆ ಮಂಡಿಗಳು ಹಿಡಿದುಕೊಂಡವು.

ಮಂಡಿಯ ವಿಷಯ ಸುಮ್ಮನೆ ಹೇಳಲಿಲ್ಲ. ನಿಂತು ಕ್ಯಾಮೆರಾ ಹಿಡಿಯಲು ಆಗದೆ ಅವರು ಊರಿನಿಂದ ತಂದ ಒಂದು ಗಿಡ್ಡ ಮಣೆಯ ಮೇಲೆ ಕೂತು ಚಿತ್ರೀಕರಣ ಮಾಡುತ್ತಿದ್ದರು. ಕುಳಿತರೆ ಏಳಿಸಲು ಇಬ್ಬರು ಬೇಕು, ಆದ್ದರಿಂದ ಇಡೀ ದಿನ ಅಲ್ಲೇ. ಹೀಗಾಗಿ ಅವರ ಸಿನಿಮಾಗಳೆಲ್ಲ ನೆಲದಿಂದ ಮೊಳದೆತ್ತರದಲ್ಲಿ ನೋಡಿದಂತಿರುತ್ತವೆ. ರಾಜರ ಗದ್ದ, ಮೇಜಿನ ಅಡಿಭಾಗ, ಎಲ್ಲರ ಕಾಲು. ಇದೇನು ಟೀಚರ್ ಎಂದರೆ, ಆಳುಗಳು ನೋಡಿದ್ದು ಹೀಗೇ, ಅವರು ನೋಡಿದ್ದೇ ನಿಜವಾದ ಚರಿತ್ರೆ ಎಂದು ಮಂಡಿನೋವಿಗೆ ಒಂದು ಸಿದ್ಧಾಂತವನ್ನೇ ತೊಡಿಸಿಬಿಡುವರು. ಆಮೇಲೆ ತಾವೇ ಕಣ್ಣು ಮಿಟುಕಿಸುವರು.

ಅವರ ಸೈನ್ಯ, ಆಸ್ಥಾನ, ದಂಗೆಯೆದ್ದ ಜನ, ಎಲ್ಲವೂ ನಾವೇ. ನಾವು ಎಂದರೆ ಕನ್ನಡ ಸಂಘದವರು. ಬ್ಯಾಂಕಿನವರು, ಟೆಲಿಕಾಂನವರು, ಇಬ್ಬರು ದಂತವೈದ್ಯರು. ಚಕ್ರವರ್ತಿಯ ಸೈನ್ಯ ಹಿಮದಲ್ಲಿ ಹಿಂದಿರುಗುವ ದೃಶ್ಯಕ್ಕೆ ಹಿಮ ಬೇಕಾಯಿತು. ನೈರೋಬಿಯಲ್ಲಿ ಹಿಮವೆಲ್ಲಿ ಬರಬೇಕು? ಇಂಡಸ್ಟ್ರಿಯಲ್ ಏರಿಯಾದ ಹಿಟ್ಟಿನ ಗಿರಣಿಯೊಂದಕ್ಕೆ ದಾವಣಗೆರೆಯವರೊಬ್ಬರು ಮ್ಯಾನೇಜರು. ರಜೆಯ ದಿನ ಗೋದಾಮಿನಲ್ಲಿ ಗುಡಿಸಿದ ಹಿಟ್ಟನ್ನೆಲ್ಲ ನಮ್ಮ ಮೇಲೆ ಸುರಿಸಿದರು. ಮುಂದಿದ್ದವನು ಒಂದು ಸೀನು ಸೀನಿದ. ಅವನ ಹಿಂದೆ ಇಡೀ ಸೈನ್ಯ ಸೀನಿತು. ಟೀಚರ್ ಅದನ್ನು ಹಾಗೇ ಉಳಿಸಿಕೊಂಡರು. ಅಷ್ಟು ಚಳಿಯಲ್ಲಿ ಸೀನದೆ ಇದ್ದಾರೆಯೇ ಎಂದು ಅವರ ವಾದ. ಚಕ್ರವರ್ತಿಗೆ ಕುದುರೆ ಸಿಗದೆ ಬಾಡಿಗೆಗೆ ಓಡುವ ಬೋಡಾ ಬೋಡಾ ಬೈಕಿನ ಹಿಂದೆ ಕೂರಿಸಿ, ಮಣೆಯಿಂದ ಮೇಲಕ್ಕೆ ಮುಖ ಮಾತ್ರ ತೆಗೆದರು. ಬೈಕಿನವನು ಅಸಾಂಟೆ, ಧನ್ಯವಾದ ಎಂದು ಚಕ್ರವರ್ತಿಗೆ ಸಲಾಮು ಹೊಡೆದು ಹೋದ. ನಾಯಿ ಡಾಕ್ಟ್ರ ಸಿನಿಮಾದಲ್ಲಿ ಹುಚ್ಚುನಾಯಿಯ ಪಾತ್ರಕ್ಕೆ ತಂದ ನಾಯಿ ಎಲ್ಲರ ಮುಖ ನೆಕ್ಕಿ ಮಲಗಿತು.

ಮಾತು ಕನ್ನಡ. ಅವರವರ ಊರಿನ ಕನ್ನಡ. ನನ್ನ ರಾಜ ಅಪ್ಪಟ ಮೈಸೂರಿನವನು, ಮಂತ್ರಿ ಹುಬ್ಬಳ್ಳಿಯವನು. ಮೇಲೆ ಟೀಚರ ದನಿಯಲ್ಲಿ ಫ್ರೆಂಚ್ ವಿವರಣೆ. ರಾಣಿಯ ಸಿನಿಮಾದಲ್ಲಿ ಯುವರಾಜನಾಗಿದ್ದವಳು ನನ್ನ ಮಗಳು. ಇಲ್ಲೇ ಬೆಳೆದವಳು, ಕನ್ನಡದಲ್ಲಿ ಏನು ಕೇಳಿದರೂ ಇಂಗ್ಲಿಷಿನಲ್ಲಿ ಉತ್ತರ. ಎಷ್ಟು ಸಲ ತಿದ್ದಿದರೂ ಬಾಯಿಗೆ ಅದೇ ಬಂತು. ಕೊನೆಗೆ ಟೀಚರ್ ಅವಳ ಕೊರಳಿಗೊಂದು ಮಫ್ಲರ್ ಸುತ್ತಿ, ಯುವರಾಜನಿಗೆ ಗಂಟಲು ನೋವು ಎಂದು ಸಾರಿದರು.

ಇಷ್ಟೆಲ್ಲ ಸರ್ಕಸ್ಸು ಮಾಡುವವರು ಸಂಗತಿಯ ವಿಷಯದಲ್ಲಿ ಮಾತ್ರ ಕಲ್ಲು. ರಾಣಿ ಆ ದಿನ ಸೂಪು ಕುಡಿದಿದ್ದರೆ ಸೂಪೇ ಬೇಕು, ಕಾಫಿ ಆಗದು. ಬೈಕನ್ನು ಕುದುರೆ ಮಾಡುವವರಿಗೆ ಸೂಪಿನಲ್ಲಿ ಏನು ಹಠ ಎಂದು ನಾನೊಮ್ಮೆ ರೇಗಿಸಿದೆ. ಅವರು ಮಣೆಯ ಮೇಲಿಂದಲೇ ಹೇಳಿದರು. "ಇಲ್ಲದ್ದನ್ನು ತೋರಿಸಿದರೆ ಅದು ನಾಟಕ ಮಾರಾಯ. ಇಲ್ಲದ್ದನ್ನು ಹೇಳಿದರೆ ಸುಳ್ಳು. ನನಗೆ ನಾಟಕ ಆಗ್ತದೆ, ಸುಳ್ಳು ಆಗುದಿಲ್ಲ."

ಇನ್ನೊಂದು ಹಠ ಉಂಟು, ನೋಡಿ ಅವರ ಮಾತೇ ನನಗೂ ಅಂಟಿದೆ. ಯಾರ ಕಥೆಯಾದರೂ ಸರಿ, ಸಾವನ್ನು ತೋರಿಸುತ್ತಿರಲಿಲ್ಲ. ಕುಳ್ಳನನ್ನು ದ್ವೀಪದಲ್ಲಿ ಬೆಳಗಿನ ತಿಂಡಿಗೆ ಕಾಯುತ್ತಾ ಕೂರಿಸಿ ಬಿಟ್ಟರು. ರಾಣಿ ಸೆರೆಮನೆಯ ಕಿಟಕಿಯ ಮುಂದೆ ಕೂದಲು ಬಾಚಿಕೊಳ್ಳುತ್ತಿದ್ದಾಗ ಸಿನಿಮಾ ಮುಗಿಯಿತು. ಕಟ್ ಎನ್ನುವ ಅಭ್ಯಾಸವೂ ಇರಲಿಲ್ಲ, 'ಸಾಕು, ಊಟ ಮಾಡುವ' ಎನ್ನುವರು. ಇದರ ಕಾರಣ ಒಮ್ಮೆ ಹೇಳಿದರು. ಚಿಕ್ಕವರಿದ್ದಾಗ ಶಾಲೆಯಲ್ಲಿ ಫ್ರಾನ್ಸಿನಿಂದ ಬಂದ ಸಿಸ್ಟರ್ ಒಬ್ಬರು ಈ ರಾಣಿಯ ಕಥೆ ಹೇಳುತ್ತಿದ್ದರಂತೆ. ರಾಣಿ ಕೂದಲು ಬಾಚುವಲ್ಲಿಗೆ ಬರುವಾಗ ಬೆಲ್ ಹೊಡೆಯಿತು. ಮರುದಿನ ಸಿಸ್ಟರಿಗೆ ಬೇರೆ ಊರಿಗೆ ವರ್ಗ. ರಾಣಿ ಸತ್ತಳೆಂದು ಹುಡುಗಿಗೆ ಗೊತ್ತಾದದ್ದು ಎರಡು ವರ್ಷದ ಮೇಲೆ. "ಎರಡು ವರ್ಷ ಅವಳು ನನ್ನೊಟ್ಟಿಗೆ ಬದುಕಿದ್ದಳು. ಮೀನು ತರಲಿಕ್ಕೆ ಹೋಗುವಾಗಲೂ ಬರ್ತಿದ್ದಳು. ಅದೆಂತ ಸುಳ್ಳಾ?" ಎಂದು ಕೇಳಿದರು.

ಅವರ ಸಿನಿಮಾಗಳಿಗೆ ವರ್ಷಕ್ಕೊಂದೇ ಪ್ರದರ್ಶನ, ನಮ್ಮ ರಾಜ್ಯೋತ್ಸವ. ನಾಡಗೀತೆ, ಮಕ್ಕಳ ನೃತ್ಯ, ಅಧ್ಯಕ್ಷರ ಭಾಷಣ, ಫ್ರಾನ್ಸಿನ ಚರಿತ್ರೆ, ಬಿಸಿಬೇಳೆಬಾತ್. ಈ ಕ್ರಮ ಎಂದೂ ತಪ್ಪಿದ್ದಲ್ಲ. ಪಕ್ಕದ ಕೋಣೆಯಿಂದ ಒಗ್ಗರಣೆಯ ವಾಸನೆ ಬರುತ್ತಿದ್ದ ಹಾಗೆ ಹಿಂದಿನ ಸಾಲುಗಳು ಕರಗುತ್ತಿದ್ದವು. ಟೀಚರಿಗೆ ಬೇಜಾರಿಲ್ಲ, ಹಸಿದವರು ಹೋಗಲಿ ಎನ್ನುತ್ತಿದ್ದರು. ಆದರೆ ಪ್ರತಿ ವರ್ಷ ತಟ್ಟೆ ಹಿಡಿದು ಕೂತಾಗ ಒಂದೇ ಮಾತು: ಅಲ್ಲಿಯವರು ಒಂದು ಸಲ ನೋಡಬೇಕಿತ್ತು. ಹೊಗಳಿಕೆ ಬೇಡ, ಬಹುಮಾನ ಬೇಡ. ಆ ದೇಶದ ನಾಲ್ಕು ಜನ ಕೂತು ನೋಡಿ, ಹೌದು, ನಮ್ಮ ಹುಡುಗಿ ಹೀಗೇ ಇದ್ದಳು ಎಂದರೆ ಸಾಕು. ಯಾರದೋ ಮನೆಯ ಮಗುವನ್ನು ಎತ್ತಿ ಆಡಿಸಿದವರು ಅದರ ಹೆತ್ತವರಿಗೊಮ್ಮೆ ತೋರಿಸಬೇಕೆಂದು ಆಸೆಪಡುವ ಹಾಗೆ.

ರಾಣಿಯ ಸಿನಿಮಾ ಅವರ ಕೊನೆಯದು, ಬಾಲ್ಯದಿಂದ ಹೊತ್ತುಕೊಂಡು ಬಂದದ್ದು. ಅದಕ್ಕಾಗಿ ಆಸ್ಥಾನದವರಿಗೆಲ್ಲ ಬಕಲ್ ಇರುವ ಬೂಟು ಮಾಡಿಸಿದರು. ಮಾರುಕಟ್ಟೆಯ ಬೂಟು ಹೊಲಿಯುವ ಫುಂಡಿಯ ಎದುರು ವಾರಗಟ್ಟಲೆ ಕೂತು, ಬಕಲ್ ಹೀಗಲ್ಲ ಹಾಗೆ ಎಂದು ಅವನ ಜೀವ ತಿಂದರು. ಕೊನೆಗೆ ಅವನು ಸವಾ, ಸವಾ ಮ್ವಾಲಿಮು, ಆಯಿತು ಬಿಡಿ ಎಂದು ಕೈಮುಗಿಯುವಂತಾಯಿತು. ಬೂಟು ಮಾತ್ರ ಭರ್ಜರಿ. ನನ್ನದನ್ನು ಈಗಲೂ ಇಟ್ಟುಕೊಂಡಿದ್ದೇನೆ.

ಅರಮನೆಗೆ ಸಿಕ್ಕ ಜಾಗ ಪಾರ್ಕ್‌ಲ್ಯಾಂಡ್ಸಿನ ಒಂದು ದೇವಸ್ಥಾನದ ಹಾಲ್. ದೊಡ್ಡ ಕಂಬಗಳು, ತೂಗುದೀಪ, ಹೊಳೆಯುವ ನೆಲ. ದೇವರ ಕಡೆಗೆ ಪರದೆ ಎಳೆದುಕೊಂಡರು. ಬೆಳಿಗ್ಗೆಯಿಂದ ಸಂಜೆಯವರೆಗೆ ಚಿತ್ರೀಕರಣ. ನಾನು ಅಂದು ಜೀವ ಹಿಂಡಿ ಅಭಿನಯಿಸಿದೆ. "ನೀನು ರಾಜ, ಬ್ಯಾಂಕಿನವ ಅಲ್ಲ. ಸ್ವಲ್ಪ ಸೋಮಾರಿಯಾಗಿ ನಿಲ್ಲು" ಎಂದು ಟೀಚರ್ ಬೈಯುತ್ತಲೇ ಇದ್ದರು. ರಾಣಿಯಾಗಿದ್ದ ಹುಡುಗಿ, ಗಂಡನ ಕಂಪನಿ ಕಳಿಸಿತೆಂದು ಬೆಂಗಳೂರಿನಿಂದ ಬಂದವಳು, ಎಂಥ ಚೆನ್ನಾಗಿ ಮಾಡಿದಳು ಅಂತೀರಿ!

ಒಂದು ತಿಂಗಳ ಮೇಲೆ ನಮ್ಮ ಮನೆಯ ಊಟದ ಮೇಜಿನ ಮೇಲೆ ಲ್ಯಾಪ್‌ಟಾಪಿಟ್ಟು ನಾನೂ ಟೀಚರೂ ಎಡಿಟಿಂಗಿಗೆ ಕೂತೆವು. ಬ್ಯಾಂಕಿನ ಕಂಪ್ಯೂಟರು ನೋಡಿಕೊಳ್ಳುವವನೆಂದು ಆ ಕೆಲಸವೂ ನನ್ನ ತಲೆಗೆ. ದೃಶ್ಯ ಓಡುತ್ತಿತ್ತು. ಟೀಚರ್ ನಿಲ್ಲಿಸು ಎಂದರು. ಮುಖವನ್ನು ತೆರೆಯ ಹತ್ತಿರ ತಂದರು. ಆಮೇಲೆ ತೆರೆಯ ಕೆಳತುದಿಗೆ ಬೆರಳಿಟ್ಟರು. ನಾನೂ ನೋಡಿದೆ. ರೇಷ್ಮೆ ಕೋಟು, ಬಿಳಿ ಟೋಪನ್, ಕಸೂತಿ, ಬೀಸಣಿಗೆ. ಕೆಳಗೆ ಇಡೀ ಆಸ್ಥಾನ ಬರಿಗಾಲು. ರಾಣಿಯ ಕಾಲುಂಗುರ ಫಳಫಳ ಎನ್ನುತ್ತಿತ್ತು. ಮಂತ್ರಿಯ ಹೆಬ್ಬೆರಳಿಗೆ ಬ್ಯಾಂಡೇಜು.

ಅಂದು ಬೆಳಿಗ್ಗೆ ಹಾಲ್ ಬಾಗಿಲಿಗೆ ಬಂದವರೆಲ್ಲ, ಹುಟ್ಟಿದಾಗಿನಿಂದ ಮಾಡಿದ ಹಾಗೆ, ಬೂಟು ಕಳಚಿ ಹೊರಗಿನ ಸ್ಟ್ಯಾಂಡಿನಲ್ಲಿಟ್ಟು ಒಳಗೆ ನಡೆದಿದ್ದೆವು. ಟೀಚರೂ ತಮ್ಮ ಚಪ್ಪಲಿ ಬಿಟ್ಟೇ ಬಂದಿದ್ದರು. ಅಷ್ಟು ಜಗಳವಾಡಿ ಮಾಡಿಸಿದ ಬಕಲ್ಲುಗಳು ಇಡೀ ದಿನ ಹೊರಗೆ ಬಿಸಿಲು ಕಾಯಿಸಿದವು. ಯಾರೊಬ್ಬರಿಗೂ ಹೊಳೆದಿರಲಿಲ್ಲ! ಹೊಟ್ಟೆ ಹುಣ್ಣಾಗುವಷ್ಟು ನಕ್ಕೆವು. ನಗು ಮುಗಿದ ಮೇಲೆ ಟೀಚರ್ ಕನ್ನಡಕ ಒರೆಸಿಕೊಂಡು, ಇದನ್ನು ಪುನಃ ತೆಗೆಯಬೇಕು ಎಂದರು. ಹಾಲ್ ಮದುವೆಗಳಿಗೆ ಬುಕ್ ಆಗಿಹೋಗಿತ್ತು. ಅದು ಸಿಗುವ ಹೊತ್ತಿಗೆ ನಮ್ಮ ರಾಣಿಯ ಗಂಡನನ್ನು ಕಂಪನಿ ಬೆಂಗಳೂರಿಗೆ ವಾಪಸ್ಸು ಕರೆಸಿಕೊಂಡಿತ್ತು, ಅವನ ಹಿಂದೆ ರಾಣಿಯೂ ಹೋದಳು. ಸಿನಿಮಾ ಬರಿಗಾಲಿನಲ್ಲೇ ಉಳಿಯಿತು. ರಾಜ್ಯೋತ್ಸವದಲ್ಲಿ ತೋರಿಸಿದಾಗ ನಮ್ಮವರಲ್ಲಿ ಒಬ್ಬರ ಕಣ್ಣಿಗೂ ಅದು ಬೀಳಲಿಲ್ಲ. ಮನೆಯೊಳಗೆ ಬರಿಗಾಲು ನಮಗೆ ಕಾಣುವುದೇ ಇಲ್ಲವಲ್ಲ.

ಇಂಥ ಹೊತ್ತಿನಲ್ಲಿ ರುಂಡಾ ಬಡಾವಣೆಯ ಫ್ರೆಂಚ್ ಮುದುಕರೊಬ್ಬರು ಸಿಕ್ಕರು. ಕೆಲಸದಿಂದ ನಿವೃತ್ತರಾಗಿ ಇಲ್ಲೇ ನೆಲೆಸಿದವರು. ಫ್ರಾನ್ಸಿನ ತಮ್ಮ ಚಿಕ್ಕ ಊರಿನಲ್ಲಿ ವರ್ಷಕ್ಕೊಮ್ಮೆ ನಡೆಯುವ ಸಿನಿಮಾ ಮೇಳಕ್ಕೆ ಚಿತ್ರ ಆರಿಸಿ ಕಳಿಸುತ್ತಿದ್ದರು. ನಮ್ಮ ದಂತವೈದ್ಯರೊಬ್ಬರು ಅವರ ಹಲ್ಲು ಕೊರೆಯುತ್ತಾ ಟೀಚರ ವಿಷಯ ಹೇಳಿದ್ದರು. ಬಾಯಿ ತೆರೆದು ಕೂತವರು ಬೇಡ ಎನ್ನುವುದಾದರೂ ಹೇಗೆ? ಒಂದು ಶನಿವಾರ ಮಧ್ಯಾಹ್ನ ಅವರ ಮನೆಗೆ ಕರೆದರು.

ನಾನೇ ಕಾರಿನಲ್ಲಿ ಕರೆದುಕೊಂಡು ಹೋದೆ. ಟೀಚರ್ ಹೊಸ ಫ್ರಾಕು ಹೊಲಿಸಿಕೊಂಡಿದ್ದರು. ಬಾಗಿಲಲ್ಲಿ ಬೂಟು ಬಿಚ್ಚಲು ಬಗ್ಗಿದೆ, ಆ ಮುದುಕರು ಬೇಡ ಬೇಡ ಎಂದು ತೋಳು ಹಿಡಿದು ಒಳಗೆ ಕರೆದೊಯ್ದರು. ಸಿನಿಮಾ ಹಾಕಿದೆವು. ಅವರು ಒಂದು ಸಲವೂ ಅಲ್ಲಾಡಲಿಲ್ಲ. ರಾಣಿ ಕೂದಲು ಬಾಚಿಕೊಳ್ಳುವಾಗ ಕರ್ಚೀಫು ತೆಗೆದರು. ಟೀಚರ್ ನನ್ನ ಕೈ ಗಟ್ಟಿಯಾಗಿ ಹಿಡಿದುಕೊಂಡರು.

ಮುಗಿದ ಮೇಲೆ ಮುದುಕರು ನನಗೂ ತಿಳಿಯಲೆಂದು ಇಂಗ್ಲಿಷಿನಲ್ಲೇ ಮಾತಾಡಿದರು. ಆ ಬರಿಗಾಲುಗಳು ಅದ್ಭುತ ಎಂದರು. ನೆಲ ಕುಸಿಯುತ್ತಿದೆ, ಅರಸೊತ್ತಿಗೆಗೆ ಗೊತ್ತಿಲ್ಲ, ಕಾಲಿಗೆ ಮಾತ್ರ ಗೊತ್ತಿದೆ, ಎಂಥ ಸಂಕೇತ! ಮೇಳದ ಆಯ್ಕೆಯವರಿಗಾಗಿ ಈ ಸಂಕೇತದ ಬಗ್ಗೆ ಟೀಚರ್ ನಾಲ್ಕು ಸಾಲು ಬರೆದುಕೊಟ್ಟರೆ ಸಾಕು, ಚಿತ್ರ ಫ್ರಾನ್ಸಿಗೆ ಹೋದ ಹಾಗೆಯೇ ಎಂದರು. ನಾನಂತೂ ಕೂತಲ್ಲೇ ತಲೆಯಾಡಿಸಿ, ಹೌದು ಸಂಕೇತ, ಸಂಕೇತ ಎಂದೆ.

ಟೀಚರ್ ನನ್ನ ಕೈ ಬಿಟ್ಟರು. ಆಮೇಲೆ, ಅಲ್ಲ, ಅದು ದೇವಸ್ಥಾನದ ಹಾಲ್, ನಾವು ಬೂಟು ಹೊರಗೆ ಬಿಟ್ಟು ಮರೆತೆವು, ಅದು ತಪ್ಪು ಎಂದು ಸ್ಪಷ್ಟವಾಗಿ ಹೇಳಿದರು. ಮುದುಕರ ಮುಖ ಇಳಿಯಿತು. ತಪ್ಪಾದರೆ ಆ ದೃಶ್ಯಗಳನ್ನು ಮತ್ತೆ ತೆಗೆಯಬೇಕಾಗುತ್ತದೆ, ಬೇಕಾದರೆ ಈ ಮನೆಯ ಹಾಲ್ ಅನ್ನೇ ಬಳಸಿ ಎಂದರು. ಒಳ್ಳೆಯ ಮನುಷ್ಯ. ಆದರೆ ರಾಣಿಯನ್ನು ಎಲ್ಲಿಂದ ತರುವುದು? ಕಾಫಿ ಕುಡಿದು ಎದ್ದೆವು.

ಲಿಮೂರು ರಸ್ತೆಯ ಜಾಮಿನಲ್ಲಿ ನನ್ನ ಪಿತ್ತ ನೆತ್ತಿಗೇರಿತು. ಕೈಗೆ ಬಂದ ತುತ್ತು ಬಾಯಿಗೆ ಬಾರದೆ ಹೋಯಿತಲ್ಲ!

"ಹೌದು ಅಂದಿದ್ರೆ ನಿಮ್ ಗಂಟೇನ್ ಹೋಗ್ತಿತ್ತು ಟೀಚರ್? ಜೀವಮಾನವೆಲ್ಲ ಇದಕ್ಕೇ ಕಾದಿದ್ರಲ್ಲ."

"ಸತ್ತವರು ಎದ್ದು ಬಂದು ಜಗಳ ಮಾಡುದಿಲ್ಲ ಮಾರಾಯ. ಅದಕ್ಕೇ ಅವರ ವಿಷಯದಲ್ಲಿ ಜಾಗ್ರತೆ ಬೇಕು. ಇಷ್ಟು ವರ್ಷ ಅವರ ಬಗ್ಗೆ ಸುಳ್ಳು ಹೇಳಲಿಲ್ಲ. ಈಗ ನಮ್ಮ ಬಗ್ಗೆ ಹೇಳುದಾ?"

ನಾನು ಹಾರ್ನ್ ಬಾರಿಸಿದೆ. ಮುಂದಿನ ಮಟಾಟು ಜಗ್ಗಲಿಲ್ಲ. ಬಹಳ ಹೊತ್ತಿನ ಮೇಲೆ ಕಿಟಕಿಯ ಕಡೆ ಮುಖ ಮಾಡಿಕೊಂಡೇ ಅವರು ಇನ್ನೊಂದು ಮಾತು ಸೇರಿಸಿದರು. "ಅಲ್ಲಿಯವರು ನೋಡಿದ್ರೆ ಒಳ್ಳೆದಿತ್ತು." ಅವರ ಮೇಲೆ ಸಿಟ್ಟು, ಅವರ ಬಗ್ಗೆ ಹೆಮ್ಮೆ, ಎರಡೂ ಒಟ್ಟಿಗೆ ಬಂದರೆ ಏನು ಮಾಡಬೇಕೋ ನನಗೆ ಗೊತ್ತಾಗುವುದಿಲ್ಲ. ಮನೆಗೆ ಕರೆದು ಉಪ್ಪಿಟ್ಟು ತಿನ್ನಿಸಿದೆ.

ಕಳೆದ ವರ್ಷ ಟೀಚರ್ ಹೋದರು. ಆಸ್ಪತ್ರೆಯಲ್ಲಿ ನಾಲ್ಕೈದು ದಿನ, ಅಷ್ಟೇ. ಅದರ ವಿವರ ಅವರಿಗೆ ಇಷ್ಟವಾಗದು, ನಾನು ಬರೆಯುವುದಿಲ್ಲ.

ಚರ್ಚಿನ ಪ್ರಾರ್ಥನೆಗೆ ಸಂಘದವರೆಲ್ಲ ಬಂದಿದ್ದರು. ರಾಜ, ಮಂತ್ರಿ, ಸೀನಿದ ಸೈನ್ಯ, ಗಂಟಲು ನೋವಿನ ಯುವರಾಜ. ಬೂಟಿನ ಫುಂಡಿಯೂ ಕೋಟು ಹಾಕಿಕೊಂಡು ಬಂದಿದ್ದ. ನಾನು ಒಳಗೆ ಕೂತು, ನೆಲ ಕಾಲಿಗೆ ತಣ್ಣಗೆ ತಗುಲಿದಾಗಲೇ ಕೆಳಗೆ ನೋಡಿದ್ದು. ಬರಿಗಾಲು. ಪಕ್ಕದವರದೂ ಬರಿಗಾಲು. ಟೀಚರ ಶಾಲೆಯವರು, ಮಂಗಳೂರಿನ ಕ್ರೈಸ್ತ ಮನೆಗಳವರು ಬೂಟು ಹಾಕಿಯೇ ಕೂತಿದ್ದರು. ನಮ್ಮ ಸಾಲುಗಳು ಮಾತ್ರ ಅದೇ ಆಸ್ಥಾನ. ಯಾರೂ ಹೇಳಿರಲಿಲ್ಲ, ಯಾರೂ ಯೋಚಿಸಿರಲಿಲ್ಲ, ಬಾಗಿಲಲ್ಲಿ ಎಲ್ಲರೂ ಕಳಚಿಟ್ಟು ಬಂದಿದ್ದೆವು. ಪ್ರಾರ್ಥನೆಯ ನಡುವೆ ನನಗೆ ನಗು ಬಂತು, ನಗುತ್ತಾ ನಗುತ್ತಾ ಅಳು ಬಂತು. ಹಿಂತಿರುಗಿ ನೋಡಿದರೆ ರುಂಡಾದ ಮುದುಕರು ಬಾಗಿಲಲ್ಲಿ ನಿಂತು ನಮ್ಮ ಚಪ್ಪಲಿ ರಾಶಿಯನ್ನು ನೋಡುತ್ತಿದ್ದರು. ಬಹಳ ಹೊತ್ತು ನೋಡಿದರು. ಆಮೇಲೆ ಮೆಟ್ಟಿಲ ಮೇಲೆ ಕಷ್ಟಪಟ್ಟು ಕೂತು ಲೇಸು ಬಿಚ್ಚತೊಡಗಿದರು. ಕಾಲುಚೀಲದ ತೂತಿನಿಂದ ಹೆಬ್ಬೆರಳು ಇಣುಕುತ್ತಿತ್ತು. ಹಾಗೆಯೇ ಬಂದು ನನ್ನ ಪಕ್ಕದಲ್ಲಿ ಕೂತರು.

ಎಲ್ಲ ಮುಗಿದ ಮೇಲೆ ಸಿನಿಮಾ ಕೇಳಿದರು. ಏನನ್ನೂ ಬದಲಿಸುವುದು ಬೇಡ, ಆಯ್ಕೆಯವರ ಜೊತೆ ತಾನು ಜಗಳವಾಡುತ್ತೇನೆ ಎಂದರು. ಕೊಟ್ಟೆ. ಶುರುವಿನಲ್ಲಿ ಒಂದು ಸಾಲು ಸೇರಿಸಿ ಕೊಟ್ಟೆ: ಈ ಅರಮನೆ ನೈರೋಬಿಯ ದೇವಸ್ಥಾನವೊಂದರ ಹಾಲ್, ಬೂಟುಗಳು ಹೊರಗಿವೆ.

ಮೊನ್ನೆ ಮುದುಕರು ಫ್ರಾನ್ಸಿನ ತಮ್ಮ ಊರಿನಿಂದಲೇ ಫೋನು ಮಾಡಿದ್ದರು. ಚಿಕ್ಕ ಹಾಲ್, ಜನ ತುಂಬಿದ್ದರಂತೆ. ಮೊದಲ ಸಾಲು ಓದಿ ಜನ ನಕ್ಕರಂತೆ. ಆಮೇಲೆ ನಗಲಿಲ್ಲವಂತೆ. ಕನ್ನಡ ಯಾರಿಗೂ ತಿಳಿಯದು, ಯುವರಾಜನಿಗೆ ಗಂಟಲು ನೋವೆಂದು ಮಾತ್ರ ಎಲ್ಲರಿಗೂ ತಿಳಿಯಿತಂತೆ. ಮುಗಿದ ಮೇಲೆ ಒಬ್ಬ ಅಜ್ಜಿ ಎದ್ದು ನಿಂತು, ಹೌದು, ಆ ಹುಡುಗಿ ಹೀಗೇ ಇದ್ದಿರಬೇಕು ಎಂದರಂತೆ. ನಾನು ಫೋನನ್ನು ಇನ್ನೊಂದು ಕಿವಿಗೆ ಬದಲಿಸಿದೆ. ಆ ಅಜ್ಜಿ ಅಷ್ಟಕ್ಕೇ ಬಿಡಲಿಲ್ಲವಂತೆ, ಇದನ್ನು ಮಾಡಿದವರು ಬಂದಿದ್ದಾರೆಯೇ, ಒಮ್ಮೆ ಮಾತಾಡಬೇಕಿತ್ತು ಎಂದು ಕೇಳಿದರಂತೆ. ಮುದುಕರು ತೆರೆಯ ಕಡೆ ನೋಡಿದರಂತೆ. ಅಲ್ಲಿ ನಿಂತುಹೋದ ಕೊನೆಯ ಚಿತ್ರದಲ್ಲಿ ರಾಣಿ ಇನ್ನೂ ಕೂದಲು ಬಾಚುತ್ತಿದ್ದಳಂತೆ.

"ಬಂದಿಲ್ಲ, ಅವರು ನೈರೋಬಿಯಲ್ಲಿದ್ದಾರೆ ಎಂದುಬಿಟ್ಟೆ. ತಪ್ಪಾಯಿತೇ?" ಎಂದು ನನ್ನನ್ನು ಕೇಳಿದರು.

ನಾನು ಯೋಚಿಸಿದೆ. ಹೋದ ಭಾನುವಾರವಷ್ಟೇ ಮಗಳ ಜೊತೆ ಇಲ್ಲೇ ಟೀಚರ ಸಮಾಧಿಗೆ ಹೋಗಿ ಹೂವಿಟ್ಟು ಬಂದಿದ್ದೆ. ಸುಳ್ಳೇನೂ ಅಲ್ಲ ಎಂದೆ.